ಎಂಟು ಸೆಕೆಂಡಿನ ಒಂದು ಸೊಲ್ಲು: ಜಾನಪದ ಧಾಟಿಯ ಸಂಗೀತ ನಿರ್ದೇಶಕರೊಬ್ಬರ ಪ್ರಕರಣ

ಇದು ಒಂದು ಕನ್ನಡ ಸಿನಿಮಾ ಹಾಡಿನ ಕತೆ. ಸಿನಿಮಾ ಯಾವುದು, ಹಾಡು ಯಾವುದು ಅಂತ ಹೇಳುವುದಿಲ್ಲ. ಊರಿನ ಗುರುತು ಸಿಗುವಂಥ ಒಂದೆರಡು ವಿವರ ಬದಲಿಸಿದ್ದೇನೆ. ಸಂಗೀತ ನಿರ್ದೇಶಕರನ್ನು ಮೇಷ್ಟ್ರು ಅಂತ ಕರೆಯುತ್ತೇನೆ, ಸ್ಟುಡಿಯೋದಲ್ಲಿ ನಾವೆಲ್ಲ ಕರೆಯುತ್ತಿದ್ದದ್ದೂ ಹಾಗೇ. ಹಾಡುಗಾರರನ್ನು ತಾತ ಅಂತ ಕರೆಯುತ್ತೇನೆ. ನಾನು ಮೇಷ್ಟ್ರ ಹತ್ತಿರ ಪ್ರೋಗ್ರಾಮರ್ ಆಗಿದ್ದೆ, ಅಂದರೆ ಕಂಪ್ಯೂಟರಿನಲ್ಲಿ ಸದ್ದು, ತಾಳ ಜೋಡಿಸುವವನು. ಇಬ್ಬರ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಜಾನಪದವನ್ನು ಸಿನಿಮಾಗೆ ತರಬೇಕು ಅನ್ನುವ ಆಸೆ ಇಟ್ಟುಕೊಂಡು ಮನೆಯಲ್ಲೇ ಲ್ಯಾಪ್‌ಟಾಪ್ ಮುಂದೆ ಕೂತ ಹುಡುಗ ಹುಡುಗಿಯರು ಈಗ ತುಂಬಾ ಜನ ಇದ್ದಾರೆ. ಅವರು ಇದನ್ನು ಓದಬೇಕು.

ಮೇಷ್ಟ್ರು ಬಂದ ದಾರಿ

ಮೇಷ್ಟ್ರು ಮಂಡ್ಯ ಕಡೆಯವರು. ಅವರ ತಾಯಿ ಸೋಬಾನೆ ಪದ ಹಾಡುತ್ತಿದ್ದರು. ಸುತ್ತಲ ಹತ್ತು ಊರಿನಲ್ಲಿ ಮದುವೆ ಅಂದರೆ ಅವರಿಗೆ ಕರೆ ಬರುತ್ತಿತ್ತು. 1996ರಲ್ಲಿ 'ಜನುಮದ ಜೋಡಿ' ಬಂದಾಗ ಮೇಷ್ಟ್ರು ಹೈಸ್ಕೂಲಿನಲ್ಲಿದ್ದರು. ಬಾಗಿಲಿಗೆ ಬಂದ ದೇವರಗುಡ್ಡರು ಕಂಸಾಳೆ ಬಡಿಯುತ್ತಾ ಹಾಡುತ್ತಿದ್ದ ಕೋಲುಮಂಡೆ ಜಂಗಮ ದೇವರ ಪದವನ್ನು ಪರದೆ ಮೇಲೆ ಕೇಳಿದ ದಿನ ನಿದ್ದೆ ಬರಲಿಲ್ಲ ಅಂತ ಅವರು ಹೇಳುತ್ತಿದ್ದರು. ನಮ್ಮ ಜಗಲಿಯ ಪದಕ್ಕೆ ಇಷ್ಟು ದೊಡ್ಡ ಸದ್ದು ಇದೆಯಾ ಅನ್ನಿಸಿತಂತೆ.

ಆಮೇಲೆ ಎಲ್ಲರ ಹಾಗೇ ಬೆಂಗಳೂರು. ಆರ್ಕೆಸ್ಟ್ರಾದಲ್ಲಿ ರಿದಂ ಪ್ಯಾಡ್ ಬಾರಿಸಿದರು, ಬೇರೆಯವರ ಹಾಡುಗಳಿಗೆ ಪ್ರೋಗ್ರಾಮಿಂಗ್ ಮಾಡಿದರು. 2005ರಲ್ಲಿ 'ಜೋಗಿ' ಬಂದ ಮೇಲೆ ಗಾಂಧಿನಗರದಲ್ಲಿ ಗಾಳಿ ಬದಲಾಯಿತು. ಪ್ರತಿ ನಿರ್ಮಾಪಕರಿಗೂ ಒಂದು ಜಾನಪದ ಧಾಟಿಯ ಹಾಡು ಬೇಕಾಯಿತು. ಆ ಹೊತ್ತಿನಲ್ಲಿ ಮೇಷ್ಟ್ರಿಗೆ ಮೊದಲ ಸಿನಿಮಾ ಸಿಕ್ಕಿತು. ತಾಯಿಯ ಒಂದು ಸೋಬಾನೆ ಧಾಟಿಗೆ ತಮಟೆ ಹಾಕಿ ಕೊಟ್ಟರು. ಹಾಡು ಓಡಿತು. ಅಲ್ಲಿಂದ ಅವರಿಗೆ ಮುದ್ರೆ ಬಿತ್ತು.

ಮುದ್ರೆ ಬಿದ್ದ ಮೇಲೆ ಆದದ್ದನ್ನು ನಾನೇ ನೋಡಿದ್ದೇನೆ. 'ಆ ಹಾಡಿನ ಥರಾನೇ ಒಂದು ಕೊಡಿ ಸಾರ್' ಅಂತ ಬರುವವರೇ ಜಾಸ್ತಿ. ಹತ್ತನೇ ಸಿನಿಮಾ ಹೊತ್ತಿಗೆ ನಮ್ಮ ಹಾರ್ಡ್ ಡಿಸ್ಕಿನಲ್ಲಿ ತಮಟೆಯ ನಾಲ್ಕು ಲೂಪ್ (ಮತ್ತೆ ಮತ್ತೆ ಸುತ್ತುವ ತುಣುಕು) ಇದ್ದವು, ಎಲ್ಲ ಹಾಡಿಗೂ ಅವೇ. ವೇಗ ಹೆಚ್ಚುಕಮ್ಮಿ ಮಾಡುವುದು, ಮೇಲೆ ಒಂದು ನಾದಸ್ವರದ ಬಿಟ್ ಇಡುವುದು, ಅಷ್ಟೇ. ಮೇಷ್ಟ್ರಿಗೆ ಇದು ಗೊತ್ತಿತ್ತು. ರಾತ್ರಿ ಕೆಲಸ ಮುಗಿದ ಮೇಲೆ ಬಿ.ವಿ. ಕಾರಂತರ ಮಾತು ತೆಗೆಯುತ್ತಿದ್ದರು. 1976ರಲ್ಲಿ 'ಋಷ್ಯಶೃಂಗ', 1977ರಲ್ಲಿ 'ಘಟಶ್ರಾದ್ಧ', ಎರಡು ವರ್ಷ ಸಾಲಾಗಿ ಸಂಗೀತಕ್ಕೆ ರಾಷ್ಟ್ರಪ್ರಶಸ್ತಿ ತಂದವರು. 'ಅವರು ಸದ್ದು ಹುಡುಕಿಕೊಂಡು ಹೋಗ್ತಿದ್ದರು ಕಣೋ, ನಾವು ಫೋಲ್ಡರ್ ಹುಡುಕ್ತೀವಿ' ಅಂದಿದ್ದರು ಒಂದು ಸಲ. ಆ ಮಾತು ನನಗೆ ಚುಚ್ಚಿತ್ತು. ಫೋಲ್ಡರ್ ಜೋಡಿಸಿಟ್ಟವನು ನಾನೇ ಅಲ್ವಾ.

ತಪ್ಪು ಹೇಗೆ ಆಯಿತು

2010ರ ದಶಕದ ಕೊನೆಯಲ್ಲಿ ಒಂದು ಸಿನಿಮಾ ಬಂತು. ನಾಯಕ ಚಾಮರಾಜನಗರ ಕಡೆಯ ನೀಲಗಾರರ ಮನೆಯ ಹುಡುಗ. ನೀಲಗಾರರು ಮಂಟೇಸ್ವಾಮಿ ಅನ್ನುವ ಗುರುವಿನ ಪರಂಪರೆಯ ಹಾಡುಗಾರರು. ಕೈಯಲ್ಲಿ ತಂಬೂರಿ, ಜೊತೆಗೆ ಡಕ್ಕಿ, ಗಗ್ಗರ. ಕುಳಿತರೆ ರಾತ್ರಿ ಇಡೀ ಕತೆ. ಆ ಕತೆಯನ್ನು ಸಾಲು ಸಾಲಾಗಿ ಹಾಡುತ್ತಾರೆ. ಇಲ್ಲಿ ಸಾಲು ಅಂದರೆ ಒಂದು ಗೆರೆ ಅಲ್ಲ, ಕತೆಯ ಒಂದು ದೊಡ್ಡ ಭಾಗ. ಒಂದೊಂದು ಸಾಲು ಗಂಟೆಗಟ್ಟಲೆ ಹೋಗುತ್ತದೆ.

ಮೇಷ್ಟ್ರು ಖುಷಿಯಾದರು. ನಾವಿಬ್ಬರೂ ಊರೂರು ಸುತ್ತಿ ತಾತನ ಮನೆ ತಲುಪಿದೆವು. ತಾತನಿಗೆ ಎಪ್ಪತ್ತು ದಾಟಿತ್ತು. ಆ ದಿನ ಯಾರದೋ ಹರಕೆಗೆ ಕತೆ ಇತ್ತು. ನಾವೂ ಕೂತೆವು. ನಾನು ಫೋನಿನಲ್ಲಿ ರೆಕಾರ್ಡ್ ಮಾಡಿದೆ. ಕೇಳಿದೆವಾ? ಕೇಳಿದೆವು, 'ರೆಕಾರ್ಡ್ ಮಾಡ್ಕೊಳ್ಲಾ ತಾತ' ಅಂತ. 'ಮಾಡ್ಕೊಳಿ ಬುದ್ಧಿ' ಅಂದರು. ಎಲ್ಲರೂ ಫೋನ್ ಹಿಡಿದು ಮಾಡಿಕೊಳ್ಳುತ್ತಾರಲ್ಲ, ಅವರಿಗೆ ಇದೂ ಹಾಗೇ. ಸಿನಿಮಾಗೆ ಅಂತ ನಾವು ಹೇಳಲಿಲ್ಲ. ಮುಚ್ಚಿಡಬೇಕು ಅಂತಲೂ ಇರಲಿಲ್ಲ. ಮೊದಲು ಸುಮ್ನೆ ಕೇಳಿಕೊಂಡು ಬರೋಣ, ಆಮೇಲೆ ಸರಿಯಾಗಿ ಮಾತಾಡೋಣ ಅಂತ ಇತ್ತು. ಆ ಆಮೇಲೆ ಬರಲೇ ಇಲ್ಲ.

ಹಾಡಿನ ಚಿತ್ರೀಕರಣ ಮುಂದಕ್ಕೆ ಬಂತು. ನಾಲ್ಕು ದಿನದಲ್ಲಿ ಟ್ಯೂನ್ ಬೇಕು ಅಂದರು. ಕತೆ ಶುರುವಾಗುವಾಗ ಗುರುವನ್ನು 'ಬನ್ನಿ' ಅಂತ ಕರೆಯುವ ಒಂದು ಸೊಲ್ಲು ಇದೆ. ತಾತ ಅದನ್ನು ಎತ್ತಿಕೊಂಡರೆ ಮೈ ಜುಮ್ ಅನ್ನುತ್ತಿತ್ತು. ಮೇಷ್ಟ್ರು ಅದರ ಧಾಟಿಯನ್ನೇ ಪಲ್ಲವಿ ಮಾಡಿದರು. ಸಿಚುವೇಶನ್ ಪ್ರೇಮದ್ದು. ಗುರುವಿನ 'ಬನ್ನಿ' ನಾಯಕಿಯ 'ಬಾರೇ' ಆಯಿತು. ನಾನು ಫೋನಿನ ರೆಕಾರ್ಡಿಂಗಿನಿಂದ ತಾತನ ದನಿಯ 8 ಸೆಕೆಂಡು ಕತ್ತರಿಸಿ, ಗದ್ದಲ ತೆಗೆದು, ಪಿಚ್ ಎಳೆದು ಕೂರಿಸಿ, ಹಾಡಿನ ಶುರುವಿಗೆ ಇಟ್ಟೆ. ಚೆನ್ನಾಗಿತ್ತು. ಚೆನ್ನಾಗಿತ್ತು ಅನ್ನುವುದೇ ನಮ್ಮ ಬಾಯಿ ಮುಚ್ಚಿಸಿತು ಅಂತ ಈಗ ಅನ್ನಿಸುತ್ತದೆ. ಆ ಫೈಲಿಗೆ ನಾನು ಇಟ್ಟ ಹೆಸರು 'ಫೋಕ್ ವೋಕಲ್ 3'.

ಲಿರಿಕಲ್ ವಿಡಿಯೋ ಬಂದು ವಾರದೊಳಗೆ ಒಂದು ಫೋನ್ ಬಂತು. ತಾತನ ಮೊಮ್ಮಗ. ಮೈಸೂರಿನಲ್ಲಿ ಓದುತ್ತಿದ್ದ. ಜೋರು ಮಾಡಲಿಲ್ಲ, ಕೂಗಾಡಲಿಲ್ಲ. 'ಸಾರ್, ಶುರುವಲ್ಲಿ ಬರೋದು ನಮ್ಮ ತಾತನ ದನಿ. ಹೆಸರು ಯಾಕೆ ಹಾಕಿಲ್ಲ?' ಅಂದ. ಆಮೇಲೆ ಸ್ವಲ್ಪ ತಡೆದು, 'ತಾತ ಕೇಳಿದ್ರು. ಆ ಸೊಲ್ಲಿಗೆ ಹಿಂಗೆಲ್ಲ ಕುಣಿಯೋದಾ ಅಂದ್ರು' ಅಂದ.

ದುಡ್ಡು, ಪತ್ರ, ಸ್ಟುಡಿಯೋ

ನಿರ್ಮಾಣದ ಕಡೆಯವರ ಮೊದಲ ಮಾತು: ಜಾನಪದ ಯಾರಪ್ಪನ ಆಸ್ತಿಯೂ ಅಲ್ಲ, ಸುಮ್ಮನಿರಿ. ಮೇಷ್ಟ್ರು ತಮಗೆ ಪರಿಚಯದ ವಕೀಲರೊಬ್ಬರನ್ನು ಕೇಳಿದರು. ಅವರು ಹೇಳಿದ್ದನ್ನು ಇಲ್ಲಿ ಬಿಡಿಸಿ ಬರೆಯುತ್ತೇನೆ, ಯಾಕಂದರೆ ನಮ್ಮ ಕೆಲಸದವರಲ್ಲಿ ಜಾಸ್ತಿ ಜನಕ್ಕೆ ಇದು ಗೊತ್ತಿಲ್ಲ.

ಪರಂಪರೆಯಿಂದ ಬಂದ ಹಳೆಯ ಧಾಟಿಗೆ ಕಾಪಿರೈಟ್ ಇಲ್ಲ. ಅದನ್ನು ಯಾರು ಬೇಕಾದರೂ ಹಾಡಬಹುದು, ಅದರ ಮೇಲೆ ಹೊಸದು ಕಟ್ಟಬಹುದು. ಅಷ್ಟರ ಮಟ್ಟಿಗೆ ನಿರ್ಮಾಣದವರ ಮಾತು ಸರಿ. ಆದರೆ ಹಾಡಿದವರ ದನಿ ಬೇರೆ ವಿಷಯ. 1957ರ ಕಾಪಿರೈಟ್ ಕಾಯ್ದೆಯ 38ನೇ ಸೆಕ್ಷನ್ ಪ್ರದರ್ಶಕರ ಹಕ್ಕಿನದು. ಒಬ್ಬರು ಹಾಡಿದ್ದನ್ನು ಅವರ ಒಪ್ಪಿಗೆ ಇಲ್ಲದೆ ರೆಕಾರ್ಡ್ ಮಾಡಿ ವ್ಯಾಪಾರಕ್ಕೆ ಬಳಸುವಂತಿಲ್ಲ, ಆ ಹಕ್ಕು 50 ವರ್ಷ ಇರುತ್ತದೆ. ಪ್ರದರ್ಶಕರು ಯಾರು ಅಂತ ಹೇಳುವಾಗ ಕಾಯ್ದೆ ನಟರು, ಗಾಯಕರು, ನರ್ತಕರ ಜೊತೆಗೆ ದೊಂಬರಾಟದವರನ್ನೂ ಹಾವಾಡಿಗರನ್ನೂ ಸೇರಿಸಿದೆ. 2012ರ ತಿದ್ದುಪಡಿ ಬಂದ ಮೇಲೆ, ಹಾಡಿದವರು ನಾನೇ ಅಂತ ಗುರುತಿಸಿಕೊಳ್ಳುವ ಹಕ್ಕು, ತನ್ನ ಹೆಸರಿಗೆ ಕುಂದು ಬರುವ ಹಾಗೆ ತನ್ನ ಹಾಡನ್ನು ತಿರುಚಿದರೆ ಆಕ್ಷೇಪಿಸುವ ಹಕ್ಕು ಕೂಡ ಇದೆ. 'ಫೋನ್ ಹಿಡಿದಾಗ ಹೂಂ ಅಂದಿದ್ದು ಸಿನಿಮಾಗೆ ಒಪ್ಪಿಗೆ ಆಗಲ್ಲ' ಅಂದರು ವಕೀಲರು. ಧಾಟಿ ತೆಗೆದುಕೊಂಡಿದ್ದಕ್ಕೆ ಕಾನೂನಿನ ತೊಂದರೆ ಇರಲಿಲ್ಲ. ನನ್ನ 8 ಸೆಕೆಂಡಿಗೆ ಇತ್ತು.

ಮೊದಲು ಮಾಡಿದ ಪ್ರಯತ್ನ ದುಡ್ಡು. ಪ್ರೊಡಕ್ಷನ್ ಮ್ಯಾನೇಜರ್ 10,000 ರೂಪಾಯಿಯ ಕವರ್ ತೆಗೆದುಕೊಂಡು ಹೋದರು, ಜೊತೆಗೆ ಸಹಿ ಹಾಕಲು ಇಂಗ್ಲಿಷಿನ ಒಂದು ಕಾಗದ. ತಾತ ಕವರನ್ನು ಎರಡೂ ಕೈಯಲ್ಲಿ ತೆಗೆದುಕೊಂಡು ಒಳಗೆ ಹೋಗಿ ಗದ್ದುಗೆ ಮುಂದೆ ಇಟ್ಟು ಬಂದರಂತೆ. 'ಗುರುವಿಗೆ ಕಾಣಿಕೆ ಬಂತು. ನನ್ ಮಾತು ಬ್ಯಾರೆ ಅದೆ' ಅಂದರಂತೆ. ಕಾಗದ ಮುಟ್ಟಲಿಲ್ಲ. ದುಡ್ಡು ಹೋಯಿತು, ವಿಷಯ ಇದ್ದಲ್ಲೇ ಇತ್ತು. ನಿರ್ಮಾಣದವರಿಗೆ ಸಿಟ್ಟು ಬಂತು. ಮೇಷ್ಟ್ರಿಗೆ ನಾಚಿಕೆ ಆಯಿತು. ನೀಲಗಾರರ ಕೈಗೆ ಬಂದದ್ದು ಪಡಿಯೋ, ಕಾಣಿಕೆಯೋ, ಸಂಬಳವೋ ಅನ್ನುವುದು ಕೊಡುವವರು ಹೇಗೆ ಕೊಟ್ಟರು ಅನ್ನುವುದರ ಮೇಲೆ ಹೋಗುತ್ತದೆ. ಬೆಳೆಯುವಾಗ ಇದನ್ನೆಲ್ಲ ನೋಡಿದ್ದ ಮನುಷ್ಯ ಮೇಷ್ಟ್ರು. ತಾವೇ ಹೋಗಬೇಕಿತ್ತು.

ಎರಡನೆಯ ಪ್ರಯತ್ನ ಇನ್ನೂ ಕೆಟ್ಟದ್ದು. ಒಬ್ಬ ಟ್ರ್ಯಾಕ್ ಸಿಂಗರ್ ಕರೆಸಿ ತಾತನ ಹಾಗೇ ಹಾಡಿಸಿದೆವು. ಆ ಹುಡುಗ ಪ್ರತಿಭಾವಂತ, ಧಾಟಿ ಒಂದು ಕೂದಲೆಳೆ ತಪ್ಪಲಿಲ್ಲ. ಕೇಳಿದರೆ ಖಾಲಿ. ಮೇಷ್ಟ್ರು ಹೆಡ್‌ಫೋನ್ ತೆಗೆದಿಟ್ಟು ಎದ್ದು ಹೋದರು.

ಮರುದಿನ ಬೆಳಿಗ್ಗೆ ಅವರೇ ಕಾರು ತೆಗೆದರು. ನಾನೂ ಹೋದೆ. ತಾತ ಜಗಲಿ ಮೇಲೆ ಕೂತಿದ್ದರು. ಮೇಷ್ಟ್ರು ಕೆಳಗೆ ಕೂತರು. 'ತಪ್ಪಾಯ್ತು ತಾತ' ಅಂದರು. ಅದಕ್ಕೆ ತಾತ ಏನೂ ಅನ್ನಲಿಲ್ಲ. 'ನಿಮ್ಮೂರ್ಯಾವ್ದು ಬುದ್ಧಿ' ಅಂತ ಶುರು ಮಾಡಿದರು. ಊರು, ತಾಯಿ, ಸೋಬಾನೆ ಎಲ್ಲ ಬಂತು. 'ಒಂದು ಪದ ಅನ್ನಿ ನೋಡವ ನಿಮ್ಮವ್ವಂದು' ಅಂದರು. ಎರಡು ರಾಷ್ಟ್ರೀಯ ಹೆದ್ದಾರಿ ದಾಟಿ ಕ್ಷಮೆ ಕೇಳಲು ಬಂದ ಸಂಗೀತ ನಿರ್ದೇಶಕರು ಜಗಲಿ ಕೆಳಗೆ ಕೂತು ತಾಯಿಯ ಪದ ಹಾಡಿದರು. ದನಿ ನಡುಗುತ್ತಿತ್ತು. ಅದಾದ ಮೇಲೆ ತಾತ ಬುದ್ಧಿ ಅನ್ನುವುದನ್ನು ಬಿಟ್ಟು ಮಗ ಅನ್ನಲು ಶುರು ಮಾಡಿದರು. ನಾನು ಪಕ್ಕದಲ್ಲೇ ಇದ್ದೆ, ಬದಲಾದ ಕ್ಷಣ ಗೊತ್ತಾಯಿತು.

ಆಗ ತಾತ ಹೇಳಿದ ಮಾತು ಇಡೀ ಪ್ರಕರಣದ ನಡು ಬಿಂದು. ಹೆಸರು ಹಾಕಿಲ್ಲ ಅಂತ ಮೊಮ್ಮಗನಿಗೆ ಬೇಜಾರು, ನನಗೆ ಅದಲ್ಲ ಅಂದರು. ಪ್ರೇಮದ ಹಾಡಿಗೆ ಬಳಸಿದ್ದು ಕೂಡ ದೊಡ್ಡದಲ್ಲವಂತೆ, ಊರಿನ ಹೈಕಳು ಆ ಧಾಟಿಗೆ ಏನೇನೋ ಕಟ್ಟಿ ಹಾಡುತ್ತಾರಂತೆ. 'ಆ ಸೊಲ್ಲಲ್ಲಿ ಗುರುವ ಕರಿತೀವಿ ಮಗ. ಕರದ್ ಮ್ಯಾಲ ಒಂದು ಸಾಲಾದ್ರೂ ಹಾಡ್ಬೇಕು. ನೀವು ನನ್ ಗಂಟ್ಲಲ್ಲೇ ಕರ್ಸಿ, ಅಲ್ಲೇ ಕುಯ್ದ್‌ಬುಟ್ರಿ. ಕರದು ಒಂದು ಲೋಟ ನೀರ್ ಕೊಡ್ದೆ ಕಳ್ಸದಾ?'

ನಾವು ವಾರಗಟ್ಟಲೆ ಮಾತಾಡಿದ್ದು ಹಕ್ಕು, ಹೆಸರು, ದುಡ್ಡು. ಅವರ ನೋವು ಇದ್ದ ಜಾಗವೇ ಬೇರೆ. ಅದನ್ನು ಹೋಗಿ ಕೂತು ಕೇಳುವ ತನಕ ಯಾವ ವಕೀಲರಿಂದಲೂ ಗೊತ್ತಾಗುತ್ತಿರಲಿಲ್ಲ.

ಸರಿ, ಸ್ಟುಡಿಯೋಗೆ ಬನ್ನಿ, ಒಂದು ಸಾಲು ಪೂರ್ತಿ ಹಾಡಿ, ನಾವು ಅದನ್ನೇ ಬಳಸುತ್ತೇವೆ ಅಂತ ಕರೆದುಕೊಂಡು ಬಂದೆವು. ಇಲ್ಲೂ ಎಡವಿದೆವು. ಗಾಜಿನ ಕೋಣೆಯಲ್ಲಿ ತಾತನನ್ನು ಒಬ್ಬರನ್ನೇ ಕೂರಿಸಿದೆವು, ಹಿಮ್ಮೇಳದವರು ಆಚೆ. ಕಿವಿಗೆ ಹೆಡ್‌ಫೋನ್, ಅದರಲ್ಲಿ ತಾಳ ಹಿಡಿಯಲು ಟಿಕ್ ಟಿಕ್ ಅಂತ ಕ್ಲಿಕ್. ಏಸಿ ತಣ್ಣಗೆ. ಅವರು ಒಂದು ಸೊಲ್ಲು ಹಾಡಿ ಹಿಮ್ಮೇಳದವರು ಎತ್ತಿಕೊಳ್ಳಲಿ ಅಂತ ಕಾಯುವುದು, ಕೋಣೆಯಲ್ಲಿ ಯಾರೂ ಇಲ್ಲ. ಕ್ಲಿಕ್ ಮುಂದೆ ಓಡುತ್ತಿತ್ತು. ತಂಬೂರಿಯ ಶ್ರುತಿ ನಮ್ಮ ಕೀಬೋರ್ಡಿನ ಎರಡು ಮನೆಗಳ ನಡುವೆ ಎಲ್ಲೋ ಇತ್ತು. ನಾನು 'ಸ್ವಲ್ಪ ಏರಿಸ್ತೀರಾ ತಾತ' ಅಂದೆ. ತಂತಿ ಬಿಗಿದರು, ಗಂಟಲು ಒಡೆಯಿತು. ಎರಡು ಗಂಟೆ ಆಯಿತು. ಒಂದು ನಿಮಿಷದ ಹಾಡೂ ಸಿಗಲಿಲ್ಲ. 'ಇಲ್ಲಿ ಉಸುರೇ ಆಡಕಿಲ್ಲ' ಅಂದರು. ಬಸ್ಸಿಗೆ ಕೂರಿಸಿ ಕಳಿಸಿದೆವು.

ತಿರುಗಿ ಊರಿಗೆ

ಇಲ್ಲಿ ಮೇಷ್ಟ್ರು ತೆಗೆದುಕೊಂಡ ತೀರ್ಮಾನ ನನಗೆ ತುಂಬಾ ಮುಖ್ಯ. ಹಾಡು ಆಗಲೇ ಹೊರಗೆ ಬಂದಿತ್ತು. 8 ಸೆಕೆಂಡು ಕಿತ್ತು ಹಾಕಿದ್ದರೆ ಕಾನೂನಿನ ಲೆಕ್ಕ ಮುಗಿಯುತ್ತಿತ್ತು. ನಿರ್ಮಾಪಕರು ಅದನ್ನೇ ಹೇಳಿದರು. ಮೇಷ್ಟ್ರು, ಸ್ಯಾಂಪಲ್ (ಆ 8 ಸೆಕೆಂಡಿನ ತುಣುಕು) ತೆಗೆದುಹಾಕುತ್ತೇನೆ, ಆದರೆ ಸಿನಿಮಾದ ಹಿನ್ನೆಲೆ ಸಂಗೀತ ಇನ್ನೂ ಆಗಿಲ್ಲವಲ್ಲ, ಅದನ್ನು ತಾತನ ಹಾಡಿನ ಮೇಲೆ ಕಟ್ಟುತ್ತೇನೆ ಅಂದರು. ಖರ್ಚು ತಮ್ಮ ಸಂಭಾವನೆಯಿಂದ.

ಮೈಕು, ಬ್ಯಾಟರಿಯಲ್ಲಿ ಓಡುವ ರೆಕಾರ್ಡರ್ ತೆಗೆದುಕೊಂಡು ಊರಿಗೆ ಹೋದೆವು. ತಾತನ ಮನೆಯಲ್ಲೇ, ದೀಪ ಹಚ್ಚಿ, ಹಿಮ್ಮೇಳದ ನಾಲ್ಕು ಜನರ ಜೊತೆ. ಹೆಡ್‌ಫೋನ್ ಇಲ್ಲ, ಕ್ಲಿಕ್ ಇಲ್ಲ. ಹತ್ತಿರದ ತೋಟದಲ್ಲಿ ಬೋರ್‌ವೆಲ್ ಮೋಟಾರು ಓಡುತ್ತಿತ್ತು. ತ್ರೀ ಫೇಸ್ ಕರೆಂಟು ಹೋಗುವ ತನಕ ಕಾದೆವು. ರಾತ್ರಿ ಒಂದು ಗಂಟೆಗೆ ಮೋಟಾರು ನಿಂತಿತು, ತಾತ ಗುರುವನ್ನು ಕರೆದರು. ಬೆಳಗಿನ ಜಾವದ ತನಕ ಹಾಡಿದರು. ನಾವು ಒಮ್ಮೆಯೂ ತಡೆಯಲಿಲ್ಲ.

ಬೆಂಗಳೂರಿಗೆ ಬಂದು ನಮ್ಮ ಕೆಲಸ ಉಲ್ಟಾ ಮಾಡಿದೆವು. ಮೊದಲು ಹಾಡುಗಾರರನ್ನು ನಮ್ಮ ಶ್ರುತಿಗೆ ಎಳೆಯುತ್ತಿದ್ದೆವು. ಈಗ ಕೀಬೋರ್ಡನ್ನೇ ತಾತನ ತಂಬೂರಿಗೆ ಇಳಿಸಿದೆವು. ಒಂದು ಸ್ವರದಿಂದ ಪಕ್ಕದ ಅರ್ಧ ಸ್ವರಕ್ಕೆ 100 ಸೆಂಟ್ ಅಂತ ಲೆಕ್ಕ, ನಾವು ಸುಮಾರು 30 ಇಳಿಸಬೇಕಾಯಿತು. ಸಾಫ್ಟ್‌ವೇರಿನಲ್ಲಿ ಅದು ಒಂದು ನಿಮಿಷದ ಕೆಲಸ. ಎರಡು ಗಂಟೆ ತಾತನ ಗಂಟಲಿಗೆ ಹಿಂಸೆ ಕೊಟ್ಟಾಗ ಇದು ನನಗೆ ಹೊಳೆಯಲಿಲ್ಲ. ಕೊಳಲನ್ನು ಹಾಗೆ ಇಳಿಸಲಾಗುವುದಿಲ್ಲ, ಹಾಗಾಗಿ ಕೊಳಲು ಬಿಟ್ಟೆವು. ವಯಲಿನ್, ಚೆಲ್ಲೋ ನುಡಿಸುವವರು ತಂತಿ ಸಡಿಲಿಸಿಕೊಂಡರು. ಆಮೇಲೆ ವೇಗ. ಡಕ್ಕಿಯ ಪ್ರತಿ ಪೆಟ್ಟಿಗೂ ನಾನು ಕೈಯಲ್ಲಿ ಗುರುತು ಹಾಕುತ್ತಾ ಹೋದೆ. ಬೇಕಾದ 18 ನಿಮಿಷಕ್ಕೆ ಮೂರು ರಾತ್ರಿ ಹಿಡಿಯಿತು. ಗುರುತು ಹಾಕುವಾಗ ಒಂದು ವಿಷಯ ಕಣ್ಣಿಗೆ ಬಿತ್ತು. ತಾತ ತಾಳ ತಪ್ಪುತ್ತಾರೆ ಅಂತ ಸ್ಟುಡಿಯೋದಲ್ಲಿ ಅಂದುಕೊಂಡಿದ್ದೆ. ತಪ್ಪುತ್ತಿರಲಿಲ್ಲ. ಕತೆಯಲ್ಲಿ ಮಂಟೇಸ್ವಾಮಿಯ ಶಿಷ್ಯ ಸಿದ್ದಪ್ಪಾಜಿಗೆ ಕಷ್ಟ ಬರುವ ಜಾಗದಲ್ಲಿ ಹಾಡು ನಿಧಾನ, ಸಿದ್ದಪ್ಪಾಜಿ ಎದ್ದು ನಡೆದಾಗ ಜೋರು. ವೇಗ ಕತೆಯ ಕೈಯಲ್ಲಿತ್ತು. ಹಿನ್ನೆಲೆ ಸಂಗೀತ ಅಂದರೆ ಅದೇ ಅಲ್ವಾ, ತಾತನ ಮನೆಯಲ್ಲಿ ಅದು ಪರದೆ ಇಲ್ಲದೆ ನಡೆಯುತ್ತಿತ್ತು.

ಒಪ್ಪಂದವನ್ನು ಈ ಸಲ ಕನ್ನಡದಲ್ಲಿ ಎರಡು ಪುಟ ಬರೆಸಿದೆವು. ಮೊಮ್ಮಗ ಎಲ್ಲರ ಮುಂದೆ ಗಟ್ಟಿಯಾಗಿ ಓದಿದ. ಐದು ಜನರಿಗೂ ಸಮ ಪಾಲು. ಟೈಟಲ್ ಕಾರ್ಡಿನಲ್ಲಿ ಐದು ಹೆಸರು, ಜೊತೆಗೆ ಮೂಲ ಧಾಟಿ ನೀಲಗಾರ ಪರಂಪರೆಯದು ಅಂತ ಒಂದು ಗೆರೆ. ಇಂಥಿಂಥ ದೃಶ್ಯಕ್ಕೆ ಬಳಸುವಂತಿಲ್ಲ ಅಂತ ಒಂದು ಷರತ್ತು. ತಾತ ಒಂದು ಮಾತು ಸೇರಿಸಲು ಹೇಳಿದರು: ಕರೆ ಹಾಡಿಸಿದ ಮೇಲೆ ಒಂದು ಸಾಲು ಪೂರ್ತಿ ಹಾಡಲು ಹೊತ್ತು ಕೊಡಬೇಕು, ಸಿನಿಮಾಗೆ ಬೇಕಾಗಲಿ ಬೇಡವಾಗಲಿ. ವಕೀಲರು ಆ ಗೆರೆಯನ್ನು ಹಾಗೇ ಇಟ್ಟರು.

ಆಮೇಲೆ

ಸಿನಿಮಾ ಮೂರು ವಾರ ಓಡಿತು. ಪ್ರೇಮದ ಹಾಡು ಮೇಷ್ಟ್ರ ಹಳೆಯ ಹಾಡುಗಳಷ್ಟು ಹಿಟ್ ಆಗಲಿಲ್ಲ, ಸ್ಯಾಂಪಲ್ ತೆಗೆದ ಮೇಲೆ ಅದರ ಶುರು ಸಪ್ಪೆಯಾಗಿದ್ದೂ ನಿಜ. ಹಿನ್ನೆಲೆ ಸಂಗೀತವನ್ನು ಗಮನಿಸಿದವರು ಗಮನಿಸಿದರು. ಆ ನಿರ್ಮಾಪಕರು ಮತ್ತೆ ಮೇಷ್ಟ್ರನ್ನು ಕರೆಯಲಿಲ್ಲ. ಒಂದೂವರೆ ವರ್ಷ ಸರಿಯಾದ ಕೆಲಸ ಇರಲಿಲ್ಲ, ನಾನೂ ಬೇರೆ ಕಡೆ ಪ್ರೋಗ್ರಾಮಿಂಗ್ ಮಾಡಿ ಮನೆ ನಡೆಸಿದೆ. ಇದನ್ನು ಮುಚ್ಚಿಟ್ಟರೆ ಪ್ರಕರಣ ಅರ್ಧವೇ ಹೇಳಿದ ಹಾಗೆ. ಸರಿಯಾದದ್ದು ಮಾಡಿದ್ದಕ್ಕೆ ಮೇಷ್ಟ್ರು ಬೆಲೆ ಕೊಟ್ಟರು. ಆಮೇಲೆ ಬಂದ ಸಿನಿಮಾಗಳು ಚಿಕ್ಕವು, ಆದರೆ ತಮಟೆ ಲೂಪ್ ಕೇಳಿಕೊಂಡು ಬಂದವಲ್ಲ. ಆ ನಾಲ್ಕು ಲೂಪ್ ನಾನು ಮತ್ತೆ ತೆರೆದಿಲ್ಲ.

ನಾನು ಕೆಲಸ ಮಾಡುವ ರೀತಿಯಲ್ಲಿ ಬದಲಾದದ್ದು ಚಿಕ್ಕದು. ಯಾರ ಹಾಡು ರೆಕಾರ್ಡ್ ಮಾಡಿದರೂ ಫೈಲಿನ ಹೆಸರಿನಲ್ಲೇ ಹಾಡಿದವರ ಹೆಸರು, ಊರು, ತಾರೀಕು, ಏನಕ್ಕೆ ಒಪ್ಪಿದರು ಅನ್ನುವುದು ಇರುತ್ತದೆ. 'ಫೋಕ್ ವೋಕಲ್ 3' ಅಂತ ಇದ್ದಾಗ ಅದನ್ನು ಕತ್ತರಿಸಲು ನನ್ನ ಕೈ ತಡೆಯಲಿಲ್ಲ. ತಾತನ ಹೆಸರು ಕಣ್ಣ ಮುಂದೆ ಇದ್ದಿದ್ದರೆ ಒಂದು ಫೋನ್ ಆದರೂ ಮಾಡುತ್ತಿದ್ದೆ ಅಂತ ನಂಬುತ್ತೇನೆ. ಇನ್ನೊಂದು, ದುಡ್ಡಿನ ಮಾತು ಟ್ಯೂನ್ ಕಟ್ಟುವ ಮೊದಲೇ ಆಗಬೇಕು. ಟ್ಯೂನ್ ಆದ ಮೇಲೆ ಅದರ ಮೇಲೆ ನಮಗೆ ಮೋಹ ಬಂದಿರುತ್ತದೆ, ಡೇಟ್ ಕೂಡ ಹತ್ತಿರ ಬಂದಿರುತ್ತದೆ. ಆಗ ಎದುರಿಗಿರುವವರ ಮಾತು ಕೇಳುವ ಕಿವಿ ಇರುವುದಿಲ್ಲ.

ಬಗೆಹರಿಯದ್ದೂ ಒಂದಿದೆ. ಸಿನಿಮಾ ಬಂದ ಮೇಲೆ ಪಕ್ಕದ ಊರಿನ ನೀಲಗಾರರೊಬ್ಬರು ಮೇಷ್ಟ್ರಿಗೆ ಫೋನ್ ಮಾಡಿದರು. ಆ ಸೊಲ್ಲನ್ನು ನಾವೂ ಹಾಡುತ್ತೇವೆ, ನಮ್ಮ ತಾತ ಮುತ್ತಾತಂದಿರೂ ಹಾಡಿದ್ದಾರೆ, ಹೆಸರು ದುಡ್ಡು ಒಂದೇ ಮೇಳಕ್ಕೆ ಯಾಕೆ ಅಂತ ಅವರ ಪ್ರಶ್ನೆ. ದನಿ ತಾತನದು, ಅದಕ್ಕೆ ತಾತನಿಗೆ ಕೊಟ್ಟೆವು ಅನ್ನುವುದು ಕಾನೂನಿನ ಉತ್ತರ. ಮೇಷ್ಟ್ರಿಗೆ ಆ ಉತ್ತರ ಸಾಕು ಅನ್ನಿಸಲಿಲ್ಲ. ತಮ್ಮ ಪಾಲಿಗೆ ಬರುವ ರಾಯಲ್ಟಿಯಲ್ಲಿ ಒಂದು ಭಾಗ ಎಲ್ಲ ಮೇಳಗಳಿಗೂ ಸೇರುವ ಹಾಗೆ ಏನಾದರೂ ಮಾಡಬಹುದಾ ಅಂತ ತಾತನನ್ನೇ ಕೇಳಿದರು. ತಾತ, 'ಜಾತ್ರೇಲಿ ಎಲ್ಲಾರೂ ಸಿಕ್ತರೆ, ಅಲ್ಲೇ ಕೂತ್ಕಂಡು ಮಾತಾಡವ, ನೀನೂ ಬಾ ಮಗ' ಅಂದಿದ್ದಾರೆ. ಸಿದ್ದಪ್ಪಾಜಿಯ ಚಿಕ್ಕಲ್ಲೂರು ಜಾತ್ರೆ ಜನವರಿಯಲ್ಲಿ, ಹುಣ್ಣಿಮೆ ರಾತ್ರಿ ಚಂದ್ರಮಂಡಲ ಅನ್ನುವ ಜ್ಯೋತಿ ಹಚ್ಚುವ ಆಚರಣೆಯಿಂದ ಶುರುವಾಗುತ್ತದೆ. ಮೇಷ್ಟ್ರು ಆ ವಾರ ಯಾವ ರೆಕಾರ್ಡಿಂಗೂ ಇಟ್ಟುಕೊಂಡಿಲ್ಲ. ನಾನೂ ಹೋಗುತ್ತಿದ್ದೇನೆ.